ಮಂಗ ಖಳನಾಯಕನಲ್ಲ: ಮಲೆನಾಡಿನ ವಿಜ್ಞಾನವೂ ಸಿನಿಮಾದ ಕಲ್ಪನೆಯೂ

2024ರ ಆರಂಭದಲ್ಲಿ ನಮ್ಮ ಕಡೆಯ ಒಂದು ಕಪ್ಪೆ ಜಗತ್ಪ್ರಸಿದ್ಧವಾಯಿತು. ಕುದುರೆಮುಖದ ತಪ್ಪಲಿನ ಮಾಳದಲ್ಲಿ, ರಸ್ತೆ ಪಕ್ಕದ ಮಳೆನೀರಿನ ಹೊಂಡದ ಬಳಿ 2023ರ ಜೂನ್‌ನಲ್ಲಿ ಕಂಡ ಬಂಗಾರ ಬೆನ್ನಿನ ಕಪ್ಪೆ ಅದು. ಅದರ ಪಕ್ಕೆಯಿಂದ ಒಂದು ಪುಟ್ಟ ಅಣಬೆ, ತೊಟ್ಟು ಮತ್ತು ಕೊಡೆ ಸಮೇತ, ಮೊಳೆತು ನಿಂತಿತ್ತು. ಕಪ್ಪೆ ಬದುಕಿತ್ತು, ಅಲುಗಾಡುತ್ತಿತ್ತು. ಈ ಕುರಿತ ಚಿಕ್ಕ ಟಿಪ್ಪಣಿ ವಿಜ್ಞಾನ ಪತ್ರಿಕೆಯೊಂದರಲ್ಲಿ ಪ್ರಕಟವಾದದ್ದೇ ತಡ, ಚಿತ್ರ ಮೊಬೈಲಿನಿಂದ ಮೊಬೈಲಿಗೆ ಹಾರಿತು. ಬಹಳ ಮಂದಿಗೆ ತಕ್ಷಣ ನೆನಪಾದದ್ದು ‘ದಿ ಲಾಸ್ಟ್ ಆಫ್ ಅಸ್’ ಎಂಬ ಇಂಗ್ಲಿಷ್ ಸರಣಿ. ಶಿಲೀಂಧ್ರವೊಂದು ಮನುಷ್ಯರ ಮೈಹೊಕ್ಕು ನಾಗರಿಕತೆಯನ್ನೇ ಮುಗಿಸಿಬಿಡುವ ಕಥೆ ಅದು.

ಟಿಪ್ಪಣಿ ಬರೆದವರು ಹೇಳಿದ್ದಾದರೂ ಬಹಳ ಕಡಿಮೆ. ಚಿತ್ರ ನೋಡಿದ ಅಣಬೆ ತಜ್ಞರ ಪ್ರಕಾರ ಅದು ಮೈಸೀನಾ ಎಂಬ ಕುಲಕ್ಕೆ ಸೇರಿದ್ದು. ಸಾಮಾನ್ಯವಾಗಿ ಕೊಳೆಯುವ ಮರದ ಮೇಲೆ ಬೆಳೆಯುವಂಥದ್ದು. ಕಪ್ಪೆಯನ್ನು ಯಾರೂ ಹಿಡಿದಿರಲಿಲ್ಲ. ಹಾಗಾಗಿ ಅದು ಸೋಂಕೋ, ಚರ್ಮದ ಮೇಲ್ಪದರದಲ್ಲಿ ಸುಮ್ಮನೆ ಬೇರುಬಿಟ್ಟದ್ದೋ, ಕಪ್ಪೆಗೆ ಮುಂದೇನಾಯಿತೋ, ಯಾವುದನ್ನೂ ಅವರು ಹೇಳಲು ಹೋಗಲಿಲ್ಲ. ನೋಡಿದಷ್ಟನ್ನು ಬರೆದು ಕೈಬಿಟ್ಟರು. ಉಳಿದದ್ದನ್ನೆಲ್ಲ ಓದುಗರ ಕಲ್ಪನೆಯೇ ತುಂಬಿಕೊಂಡಿತು.

ವಿಜ್ಞಾನ ಮತ್ತು ಸಿನಿಮಾದ ಸಂಬಂಧದ ಮಾತು ಬಂದಾಗ ನಾವು ಸಾಮಾನ್ಯವಾಗಿ ನಿಲ್ಲುವುದು ಇಲ್ಲೇ. ವಿಜ್ಞಾನಿ ವಿಚಿತ್ರವಾದದ್ದನ್ನು ಕಾಣುತ್ತಾನೆ, ನಿರ್ದೇಶಕ ಅದನ್ನು ಊದಿ ದೊಡ್ಡದು ಮಾಡುತ್ತಾನೆ ಎಂಬುದು ನಮ್ಮ ತಿಳಿವಳಿಕೆ. ನನಗೆ ಈ ವಿವರಣೆ ಅರೆಬೆಂದದ್ದೆನಿಸುತ್ತದೆ. ಒಳ್ಳೆಯ ವೈಜ್ಞಾನಿಕ ಕಾಲ್ಪನಿಕ ಚಿತ್ರಗಳನ್ನು ಕೊಂಚ ಬಿಚ್ಚಿ ನೋಡಿದರೆ, ಸಂಶೋಧನೆಯಿಂದ ಅವು ಪಡೆದುಕೊಂಡಿರುವುದು ವಿಚಿತ್ರಕ್ಕಿಂತ ಹೆಚ್ಚಾಗಿ ಕಟ್ಟುಪಾಡನ್ನು. ಇದು ಸಾಧ್ಯ, ಇದು ಅಸಾಧ್ಯ, ಇದಾಗಬೇಕಾದರೆ ಮೊದಲು ಇಂಥದ್ದು ಆಗಿರಬೇಕು ಎಂಬ ನಿಯಮಗಳು ಕಥೆಗಾರನ ಕೈಕಟ್ಟುತ್ತವೆ. ಕೈಕಟ್ಟಿದಾಗಲೇ ಅವನ ತಲೆ ಓಡುತ್ತದೆ.

ಅದೇ ಶಿಲೀಂಧ್ರದ ಕಥೆಯನ್ನು ತೆಗೆದುಕೊಳ್ಳಿ. ಮೂಲತಃ ಅದು 2013ರ ವಿಡಿಯೊ ಗೇಮ್, 2023ರಲ್ಲಿ ಸರಣಿಯಾಯಿತು. ಅದರ ಬೀಜ ಬಿದ್ದದ್ದು ಬಿಬಿಸಿಯ ‘ಪ್ಲಾನೆಟ್ ಅರ್ಥ್’ ಸಾಕ್ಷ್ಯಚಿತ್ರದ ಒಂದು ತುಣುಕಿನಿಂದ. ಓಫಿಯೊಕಾರ್ಡಿಸೆಪ್ಸ್ ಎಂಬ ಶಿಲೀಂಧ್ರ ಇರುವೆಯ ದೇಹ ಹೊಕ್ಕು, ಅದನ್ನು ಗೂಡಿನಿಂದ ಹೊರಗೆ ನಡೆಸಿ, ಎಲೆಯ ನರಕ್ಕೆ ಬಾಯಿ ಕಚ್ಚಿಸಿ ಸಾಯಿಸುತ್ತದೆ. ಆಮೇಲೆ ಇರುವೆಯ ತಲೆಯ ಹಿಂದಿನಿಂದ ಶಿಲೀಂಧ್ರದ ಕಾಂಡ ಮೂಡುತ್ತದೆ. ಥಾಯ್ಲೆಂಡಿನ ಕಾಡಿನಲ್ಲಿ ನಡೆದ ಅಧ್ಯಯನಗಳ ಪ್ರಕಾರ ಇರುವೆಗಳು ಕಚ್ಚಿ ಸಾಯುವುದು ನೆಲದಿಂದ ಸುಮಾರು 25 ಸೆಂಟಿಮೀಟರ್ ಎತ್ತರದಲ್ಲಿ, ಶಿಲೀಂಧ್ರಕ್ಕೆ ಬೇಕಾದ ತೇವ ಮತ್ತು ತಾಪಮಾನ ಇರುವಲ್ಲಿ ಮಾತ್ರ. 2017ರಲ್ಲಿ ಪ್ರಕಟವಾದ ಸಂಶೋಧನೆಯೊಂದು ಇನ್ನೂ ಬೆಚ್ಚಿಬೀಳಿಸುವಂಥದ್ದು. ಇರುವೆಯ ಸ್ನಾಯುಗಳ ತುಂಬ ಶಿಲೀಂಧ್ರದ ಕೋಶಗಳ ಜಾಲ ಹರಡಿತ್ತು, ಮಿದುಳಿನ ಒಳಗೆ ಮಾತ್ರ ಒಂದು ಕೋಶವೂ ಇರಲಿಲ್ಲ. ತೆರೆಯ ಮೇಲಿನ ಯಾವ ಪ್ರೇತಕ್ಕಿಂತಲೂ ಈ ವಿವರ ಭೀಕರ ಎಂದು ನನ್ನ ಅನಿಸಿಕೆ.

ಆದರೆ ಇರುವೆಯಿಂದ ಮನುಷ್ಯನಿಗೆ ಬರಲು ಒಂದು ದೊಡ್ಡ ಅಡ್ಡಿ ಇದೆ. ನಮ್ಮ ದೇಹದ 37 ಡಿಗ್ರಿ ಸೆಲ್ಸಿಯಸ್ ಕಾವನ್ನು ಬಹುಪಾಲು ಶಿಲೀಂಧ್ರಗಳು ತಾಳಲಾರವು. ಬಿಸಿರಕ್ತದ ಪ್ರಾಣಿಗಳು ಈ ಕಾವಿನಿಂದಲೇ ಶಿಲೀಂಧ್ರಗಳನ್ನು ದೂರ ಇಟ್ಟಿವೆ ಎಂಬುದು ಆರ್ಟುರೊ ಕಾಸಡೆವಾಲ್ ಎಂಬ ಸೂಕ್ಷ್ಮಜೀವಿ ವಿಜ್ಞಾನಿಯ ಪ್ರಸಿದ್ಧ ವಾದ. ಸರಣಿಯ ಬರಹಗಾರರು ಈ ಅಡ್ಡಿಯನ್ನು ಮುಚ್ಚಿಡಲಿಲ್ಲ. ಮೊದಲ ದೃಶ್ಯಕ್ಕೇ ತಂದು ಕೂರಿಸಿದರು. ಭೂಮಿ ಬಿಸಿಯಾದರೆ, ಶಿಲೀಂಧ್ರಗಳು ನಿಧಾನವಾಗಿ ಹೆಚ್ಚು ಕಾವಿಗೆ ಒಗ್ಗಿಕೊಂಡರೆ ಆಗ ಏನು ಗತಿ ಎಂದು ಒಂದು ಪಾತ್ರ ಕೇಳುತ್ತದೆ. ಇದೂ ಗಾಳಿಯಲ್ಲಿ ಹುಟ್ಟಿದ ಮಾತಲ್ಲ. 2009ರಲ್ಲಿ ಜಪಾನಿನಲ್ಲಿ ಮೊದಲು ಗುರುತಿಸಿದ ಕ್ಯಾಂಡಿಡಾ ಆರಿಸ್ ಎಂಬ ರೋಗಕಾರಕ ಶಿಲೀಂಧ್ರ ಹೀಗೆ ಒಗ್ಗಿಕೊಂಡದ್ದಿರಬಹುದು ಎಂಬ ಊಹೆ ವಿಜ್ಞಾನ ವಲಯದಲ್ಲಿ ಇದೆ. ಅಡ್ಡಿಯನ್ನು ಕಥೆಯ ಕೀಲಿಯನ್ನಾಗಿ ಮಾಡಿಕೊಂಡದ್ದೇ ಆ ಬರಹಗಾರರ ಜಾಣತನ.

‘ಇಂಟರ್‌ಸ್ಟೆಲ್ಲಾರ್’ (2014) ಚಿತ್ರದ ಹಿಂದೆ ಇದ್ದ ಭೌತವಿಜ್ಞಾನಿ ಕಿಪ್ ಥಾರ್ನ್ ಎರಡು ಷರತ್ತು ಹಾಕಿದ್ದರು. ದೃಢಪಟ್ಟ ಭೌತನಿಯಮಗಳನ್ನು ಯಾವುದೂ ಮುರಿಯಬಾರದು; ಊಹೆ ಮಾಡುವುದಿದ್ದರೂ ಅದು ನಿಜವಾದ ವಿಜ್ಞಾನದಿಂದಲೇ ಹೊರಡಬೇಕು. ಬೆಳಕಿಗಿಂತ ವೇಗವಾಗಿ ಹೋಗುವ ಪಾತ್ರ ಬೇಕೆಂದು ನಿರ್ದೇಶಕ ಕ್ರಿಸ್ಟಫರ್ ನೋಲನ್ ಕೇಳಿದಾಗ ಥಾರ್ನ್ ಜಗ್ಗಲಿಲ್ಲ. ಒಂದು ಗ್ರಹದ ಮೇಲಿನ ಒಂದು ಗಂಟೆ ಭೂಮಿಯ 7 ವರ್ಷಕ್ಕೆ ಸಮವಾಗಬೇಕು ಎಂಬ ಬೇಡಿಕೆಗೂ ಅವರ ಮೊದಲ ಉತ್ತರ ‘ಅಸಾಧ್ಯ’ ಎಂದೇ. ಆಮೇಲೆ ಲೆಕ್ಕ ಹಾಕಿದರು. ಕಪ್ಪುಕುಳಿ ತನ್ನ ಗರಿಷ್ಠ ವೇಗಕ್ಕೆ ಕೂದಲೆಳೆಯಷ್ಟು ಕಡಿಮೆ ವೇಗದಲ್ಲಿ ಸುತ್ತುತ್ತಿದ್ದರೆ ಸಾಧ್ಯ ಎಂದಾಯಿತು. ತಂದೆಗಿಂತ ಮಗಳಿಗೇ ಹೆಚ್ಚು ವಯಸ್ಸಾಗುವ ಆ ಚಿತ್ರದ ದುಃಖವೆಲ್ಲ ನಿಂತಿರುವುದು ಈ ಲೆಕ್ಕದ ಮೇಲೆ.

ಅದೇ ಚಿತ್ರ ವಿಜ್ಞಾನವನ್ನು ಬದಿಗಿಟ್ಟ ಕಡೆಯೂ ಇದೆ. ಸುತ್ತುವ ಕಪ್ಪುಕುಳಿಯ ಒಂದು ಬದಿ ಹೊಳೆದು ಇನ್ನೊಂದು ಬದಿ ಮಂಕಾಗಿ ಕಾಣಬೇಕು. ಪ್ರೇಕ್ಷಕರಿಗೆ ಗೊಂದಲವಾದೀತೆಂದು ತಂಡ ಆ ವ್ಯತ್ಯಾಸವನ್ನು ಅಳಿಸಿ, ಎರಡೂ ಬದಿ ಒಂದೇ ತರಹ ಬೆಳಗುವಂತೆ ಮಾಡಿತು. ಹಾಗೆ ಮಾಡಿದ್ದನ್ನು 2015ರಲ್ಲಿ ಪ್ರಕಟಿಸಿದ ಸಂಶೋಧನಾ ಪ್ರಬಂಧದಲ್ಲಿ ಬಚ್ಚಿಡದೆ ಬರೆದುಕೊಂಡಿತು ಕೂಡ. 2019ರ ಏಪ್ರಿಲ್‌ನಲ್ಲಿ ಎಂ87 ನಕ್ಷತ್ರಪುಂಜದ ಕಪ್ಪುಕುಳಿಯ ನಿಜವಾದ ಚಿತ್ರ ಹೊರಬಂದಾಗ ಉಂಗುರದ ಒಂದು ಬದಿ ಹೆಚ್ಚು ಹೊಳೆಯುತ್ತಿತ್ತು.

ಕಪ್ಪುಕುಳಿಯ ಮಾತು ಬಂದಾಗ ಕನ್ನಡಿಗರು ಮರೆಯಬಾರದ ಹೆಸರೊಂದಿದೆ: ಸಿ.ವಿ. ವಿಶ್ವೇಶ್ವರ. ಕಲಕಿದ ಕಪ್ಪುಕುಳಿ ಶಾಂತವಾಗುವ ಮುನ್ನ ಹೊರಡಿಸುವ ವಿಶಿಷ್ಟ ಅನುರಣನವನ್ನು 1970ರಲ್ಲೇ ಲೆಕ್ಕಹಾಕಿ ತೋರಿಸಿದವರು ಅವರು. ಥಾರ್ನ್ ಕಟ್ಟಿ ಬೆಳೆಸಿದ ಲೈಗೊ ಪ್ರಯೋಗ 2015ರಲ್ಲಿ ಹಿಡಿದ ಗುರುತ್ವ ಅಲೆಗಳ ಕೊನೆಯಲ್ಲಿ ಕೇಳಿಬಂದದ್ದು ಆ ಅನುರಣನವೇ. ಬೆಂಗಳೂರಿನ ನೆಹರೂ ತಾರಾಲಯವನ್ನು ಕಟ್ಟಿದವರೂ ಅವರು. ಶಾಲಾ ಪ್ರವಾಸದಲ್ಲಿ ಅಲ್ಲಿ ಕತ್ತಲೆಯ ಗುಮ್ಮಟದ ಕೆಳಗೆ ಕೂತು ಬಾಯಿ ಬಿಟ್ಟುಕೊಂಡು ಮೇಲೆ ನೋಡಿದ ಮಕ್ಕಳಲ್ಲಿ ಎಷ್ಟು ಜನರಿಗೆ ಇದು ಗೊತ್ತಿತ್ತೋ.

ಡೈನೋಸಾರುಗಳ ಕಥೆ ಇದಕ್ಕೆ ತದ್ವಿರುದ್ಧ ದಿಕ್ಕಿನದು, ಬೇಗ ಮುಗಿಸುತ್ತೇನೆ. 1993ರ ‘ಜುರಾಸಿಕ್ ಪಾರ್ಕ್’ ಬಂದಾಗ ಅಂಬರ್, ಅಂದರೆ ಕಲ್ಲಾದ ಮರದ ಅಂಟಿನೊಳಗಿನ ಕೀಟದಿಂದ ಹಳೆಯ ಡಿಎನ್ಎ ತೆಗೆಯಬಹುದೆಂಬ ಆಸೆ ವಿಜ್ಞಾನಿಗಳಿಗೂ ಇತ್ತು. 2012ರ ಅಧ್ಯಯನವೊಂದು, ತಾನು ಪರೀಕ್ಷಿಸಿದ ಮೂಳೆಗಳಲ್ಲಿ ಡಿಎನ್ಎ 521 ವರ್ಷಕ್ಕೆ ಅರ್ಧದಷ್ಟು ನಾಶವಾಗುತ್ತದೆ ಎಂದು ತೋರಿಸಿತು. ಆರೂವರೆ ಕೋಟಿ ವರ್ಷದ ಮಾತು ಅಲ್ಲಿಗೆ ಮುಗಿಯಿತು. 1996ರಲ್ಲಿ ಚೀನಾದಲ್ಲಿ ಪುಕ್ಕದ ಕುರುಹುಳ್ಳ ಡೈನೋಸಾರ್ ಸಿಕ್ಕಿತು. ಸಂಶೋಧನೆ ಮುಂದೆ ನಡೆಯಿತು. ಮುಂದಿನ ಕಂತುಗಳ ಹೆಚ್ಚಿನ ಪ್ರಾಣಿಗಳು ಬಹುಕಾಲ ಬೋಳು ಮೈಯಲ್ಲೇ ಉಳಿದವು. ಪುಕ್ಕ ಹಚ್ಚಿದರೆ ಹೆದರಿಕೆ ಕಡಿಮೆಯಾದೀತು ಎಂಬ ಲೆಕ್ಕವಿದ್ದಿರಬೇಕು.

ಮಲೆನಾಡಿನವರು ಗಮನವಿಟ್ಟು ನೋಡಬೇಕಾದ ಚಿತ್ರ ಬೇರೆ. ಸ್ಟೀವನ್ ಸೋಡರ್‌ಬರ್ಗ್ ನಿರ್ದೇಶನದ ‘ಕಂಟೇಜನ್’ (2011) ಚಿತ್ರಕ್ಕೆ ಸಲಹೆಗಾರರಾಗಿದ್ದವರು ಇಯಾನ್ ಲಿಪ್ಕಿನ್ ಎಂಬ ವೈರಾಣು ತಜ್ಞ. ಚಿತ್ರದ ಕಾಲ್ಪನಿಕ ವೈರಾಣುವಿಗೆ ಮಾದರಿಯಾಗಿದ್ದು 1998–99ರಲ್ಲಿ ಮಲೇಷ್ಯಾದಲ್ಲಿ ಕಾಣಿಸಿಕೊಂಡ ನಿಫಾ. ಅಲ್ಲಿ ಹಂದಿ ಸಾಕಣೆಯ ಶೆಡ್ಡುಗಳ ಪಕ್ಕದಲ್ಲೇ ಹಣ್ಣಿನ ಮರಗಳಿದ್ದವು. ಬಾವಲಿಗಳು ಕಚ್ಚಿ ಬೀಳಿಸಿದ ಹಣ್ಣಿನ ಮೂಲಕ ಸೋಂಕು ಹಂದಿಗೆ, ಹಂದಿಯಿಂದ ಮನುಷ್ಯನಿಗೆ ದಾಟಿತು. ಚಿತ್ರದ ಕೊನೆಯ ದೃಶ್ಯ ಇದನ್ನೇ ಹಿಂದಕ್ಕೆ ಬಿಚ್ಚುತ್ತದೆ. ಬುಲ್ಡೋಜರ್ ಕಾಡಿನ ಮರ ಬೀಳಿಸುತ್ತದೆ, ಬಾವಲಿ ಹಾರುತ್ತದೆ, ಬಾಳೆಹಣ್ಣಿನ ತುಣುಕು ಹಂದಿಯ ಬಾಯಿಗೆ ಬೀಳುತ್ತದೆ. ಒಂದು ಮಾತಿಲ್ಲ. ನಮ್ಮ ನೆರೆಯ ಮಲಯಾಳಿಗಳು 2018ರಲ್ಲಿ ಕೋಯಿಕ್ಕೋಡಿನಲ್ಲಿ ನಿಫಾ ಬಂದಾಗ ನಡೆದದ್ದನ್ನು ಆಧರಿಸಿ ಮರುವರ್ಷವೇ ‘ವೈರಸ್’ ಎಂಬ ಚಿತ್ರ ತೆಗೆದರು. ಅದು ಕಾಲ್ಪನಿಕ ವಿಜ್ಞಾನವಲ್ಲ, ನಡೆದ ಘಟನೆ. ಆದರೂ ಯಾರಿಂದ ಯಾರಿಗೆ ಸೋಂಕು ಹೋಯಿತು ಎಂದು ಹುಡುಕುವ ಆರೋಗ್ಯ ಇಲಾಖೆಯ ಒಣ ಕೆಲಸವನ್ನು ಅದು ಪತ್ತೇದಾರಿ ಕಥೆಯ ಬಿಗಿಯಲ್ಲಿ ಹೇಳಿತು.

ಇಷ್ಟೆಲ್ಲ ಹೇಳಿದ ಮೇಲೆ ಸೊರಬಕ್ಕೆ ಬರಲೇಬೇಕು.

1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮಂಗಗಳೂ ಮುಸ್ಯಗಳೂ ಸತ್ತು ಬೀಳತೊಡಗಿದವು. ಹಿಂದೆಯೇ ಸುತ್ತಲಿನ ಹಳ್ಳಿಗಳ ಜನರಿಗೆ ಸುಡುವ ಜ್ವರ, ಹಣೆ ಸಿಡಿಯುವ ತಲೆನೋವು, ಕೆಲವರಿಗೆ ರಕ್ತಸ್ರಾವ. ನಾವು ಈಗ ಮಂಗನ ಕಾಯಿಲೆ ಎನ್ನುವುದು ಇದನ್ನೇ. ಪುಣೆಯ ವೈರಾಣು ಸಂಶೋಧನಾ ಕೇಂದ್ರದಿಂದ ಬಂದವರಿಗೆ ಮೊದಲು ಹುಟ್ಟಿದ ಭಯ ಹಳದಿ ಜ್ವರದ್ದು. ಆಫ್ರಿಕ ಮತ್ತು ದಕ್ಷಿಣ ಅಮೆರಿಕದಲ್ಲಿ ಸೊಳ್ಳೆಯಿಂದ ಹರಡುವ ಆ ರೋಗ ಭಾರತಕ್ಕೆ ಎಂದೂ ಬಂದಿರಲಿಲ್ಲ, ಬಂದಿದ್ದರೆ ಅನಾಹುತವಾಗುತ್ತಿತ್ತು. ಕಾಡಿನಲ್ಲಿ ಮಂಗ ಸಾಯುವುದು ಅದರ ಲಕ್ಷಣಗಳಲ್ಲೊಂದು. ಪರೀಕ್ಷೆಯಲ್ಲಿ ಸಿಕ್ಕಿದ್ದು ಮಾತ್ರ ಯಾರೂ ಊಹಿಸದ್ದು. ಹೊಸ ವೈರಾಣು ರಷ್ಯಾದ ಕಾಡುಗಳಲ್ಲಿ ಉಣುಗಿನಿಂದ ಹರಡುವ ಮಿದುಳು ಜ್ವರದ ವೈರಾಣುಗಳ ಬಂಧುವಾಗಿತ್ತು! ಸೈಬೀರಿಯಾದ ಚಳಿಗೆ ಸೇರಿದ ಕುಲ ಸೊರಬದ ಅಡಿಕೆ ತೋಟದ ಪಕ್ಕಕ್ಕೆ ಹೇಗೆ ಬಂತು?

ವಲಸೆ ಹಕ್ಕಿಗಳು ಮೈಯಲ್ಲಿ ಉಣುಗು ಹೊತ್ತು ತಂದಿರಬಹುದೆ ಎಂಬ ಪ್ರಶ್ನೆ ಎದ್ದಿತು. ವಿಶ್ವ ಆರೋಗ್ಯ ಸಂಸ್ಥೆಯ ನೆರವಿನಿಂದ ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿ ಸಲೀಂ ಅಲಿಯವರ ಮುಂದಾಳತ್ವದಲ್ಲಿ ಹಕ್ಕಿಗಳ ಕಾಲಿಗೆ ಉಂಗುರ ತೊಡಿಸುವ ಕೆಲಸ ಶುರುಮಾಡಿತು. ಮುಂದೆ ಈ ಹಕ್ಕಿ ಅಧ್ಯಯನಗಳಿಗೆ ಅಮೆರಿಕದ ಸೇನೆಯ ಯೋಜನೆಯೊಂದರ ಹಣವೂ ಬಂತು. ಅದು ಶೀತಲ ಸಮರದ ಕಾಲ. ಹಕ್ಕಿಗಳ ಮೂಲಕ ರೋಗ ಹರಡುವುದು ಹೇಗೆಂದು ತಿಳಿದುಕೊಳ್ಳಲು ಸೇನೆಗೇಕೆ ಇಷ್ಟು ಆಸಕ್ತಿ ಎಂಬ ಗುಮಾನಿ 1970ರ ದಶಕದಲ್ಲಿ ಪತ್ರಿಕೆಗಳಿಂದ ಸಂಸತ್ತಿನವರೆಗೆ ಹೋಯಿತು. ಸಾರ್ವಜನಿಕ ಲೆಕ್ಕಪತ್ರ ಸಮಿತಿಯೂ ಅದನ್ನು ಕೆದಕಿತು. ಹಕ್ಕಿಗಳೇ ಈ ರೋಗವನ್ನು ತಂದವೆಂಬುದಕ್ಕೆ ಪುರಾವೆ ಸಿಗಲಿಲ್ಲ. ಈ ಇಡೀ ಪ್ರಸಂಗಕ್ಕೆ ಚಿತ್ರಕಥೆಗಾರನೊಬ್ಬ ಹೊಸದಾಗಿ ಸೇರಿಸಬೇಕಾದದ್ದು ಬಹಳವೇನೂ ಇಲ್ಲ. ಗೂಢಚಾರರು, ಹಕ್ಕಿಶಾಸ್ತ್ರಜ್ಞರು, ಸೈಬೀರಿಯಾ, ಸೊರಬ, ಎಲ್ಲವೂ ಕಡತದಲ್ಲೇ ಇವೆ.

ಈಗ ಕಟ್ಟುಪಾಡಿನ ವಿಷಯ. ಮಂಗನ ಕಾಯಿಲೆ ಮನುಷ್ಯರಿಂದ ಮನುಷ್ಯರಿಗೆ ಹರಡುವುದಿಲ್ಲ. ಅಂದರೆ ಸಾಂಕ್ರಾಮಿಕ ರೋಗದ ಚಿತ್ರಗಳ ಮಾಮೂಲಿ ಸರಕು ಪೂರ್ತಿ ನಿಷೇಧ: ವಿಮಾನ ನಿಲ್ದಾಣದ ಕೆಮ್ಮಿಲ್ಲ, ಖಾಲಿ ಬೀದಿಗಳಿಲ್ಲ, ಬೆಂಗಳೂರು ನಡುಗುವುದಿಲ್ಲ. ಉಣುಗು ಕಚ್ಚಿದರೆ ಬರುತ್ತದೆ, ಅಂದರೆ ಹೆಚ್ಚಾಗಿ ಕಾಡಿಗೆ ಹೋದವರಿಗೆ. ಹಾಗಾದರೆ ಕಾಡಿಗೆ ಹೋಗುವವರು ಯಾರು, ಯಾಕೆ ಎಂಬ ಪ್ರಶ್ನೆಗೆ ಕಥೆ ತಾನಾಗಿಯೇ ಬಂದು ನಿಲ್ಲುತ್ತದೆ. ಕೊಟ್ಟಿಗೆಗೆ ದರಗು (ತರಗೆಲೆ) ಬೇಕು, ತೋಟಕ್ಕೆ ಸೊಪ್ಪು ಬೇಕು, ಒಲೆಗೆ ಸೌದೆ ಬೇಕು. ಕೂಲಿಗೆ ಹೋಗುವವರು, ದನ ಮೇಯಿಸುವವರು, ಸೊಪ್ಪಿನ ಬೆಟ್ಟಕ್ಕೆ ಹೋಗುವ ಹೆಂಗಸರು. ಈ ಕೆಲಸಗಳೆಲ್ಲ ಬಿರುಸಾಗುವುದು ಮಳೆ ನಿಂತು ಎಲೆ ಉದುರುವ ತಿಂಗಳುಗಳಲ್ಲಿ. ಉಣುಗಿನ ಎಳೆಯ ಹಂತ ಚುರುಕಾಗಿ ಕಚ್ಚುವುದೂ ಹೆಚ್ಚುಕಡಿಮೆ ಡಿಸೆಂಬರಿನಿಂದ ಮೇವರೆಗೆ. ಎರಡು ಪಂಚಾಂಗಗಳು ಒಂದರ ಮೇಲೊಂದು ಬಿದ್ದಿವೆ.

ಆ ಎಳೆಯ ಉಣುಗು ಎಳ್ಳುಕಾಳಿನಷ್ಟಿರುತ್ತದೆ. ಕಚ್ಚಿದ್ದು ಗೊತ್ತಾಗುವುದೇ ಅಪರೂಪ. ಸೋಂಕಿನ ಮಂಗ ಸತ್ತಾಗ ಅದರ ಮೈಮೇಲಿದ್ದ ಉಣುಗುಗಳು ರಕ್ತ ತಣ್ಣಗಾದದ್ದೇ ಕೆಳಗಿಳಿದು ಸುತ್ತಲಿನ ತರಗೆಲೆಗಳಲ್ಲಿ ಚದುರಿಕೊಳ್ಳುತ್ತವೆ. ಹೆಣ ಬಿದ್ದ ಜಾಗದ ಸುತ್ತ 50 ಮೀಟರ್‌ವರೆಗೆ ಮೆಲಾಥಿಯಾನ್ ಎಂಬ ಕೀಟನಾಶಕದ ಪುಡಿ ಎರಚುವುದು ಅದಕ್ಕಾಗಿಯೇ. ಕಾಯಿಲೆಯ ನಡೆಯೂ ವಿಚಿತ್ರ. ಜ್ವರ ಬಂದು ವಾರ, ಹತ್ತು ದಿನಗಳಲ್ಲಿ ಇಳಿಯುತ್ತದೆ. ಮನೆಯವರು ನಿಟ್ಟುಸಿರು ಬಿಡುತ್ತಾರೆ, ರೋಗಿ ಎದ್ದು ಓಡಾಡುತ್ತಾರೆ. ಕೆಲವರಿಗೆ ಒಂದೆರಡು ವಾರದ ಮೇಲೆ ಜ್ವರ ಮರಳುತ್ತದೆ, ಈ ಸಲ ಮಿದುಳಿಗೆ ಸಂಬಂಧಿಸಿದ ತೊಂದರೆಗಳೊಂದಿಗೆ. ಎರಡು ಅಂಕಗಳ ನಡುವೆ ಮೋಸದ ನೆಮ್ಮದಿಯೊಂದನ್ನು ವೈರಾಣುವೇ ಇಟ್ಟುಕೊಟ್ಟಿದೆ. ಮಧ್ಯಂತರ ಎಲ್ಲಿ ಬರಬೇಕೆಂದು ಗಾಂಧಿನಗರ ತಲೆಕೆಡಿಸಿಕೊಳ್ಳಬೇಕಿಲ್ಲ.

ಈ ಕಾಯಿಲೆ ಯಾಕೆ ಎದ್ದಿತು ಎಂಬುದಕ್ಕೆ ಸಂಶೋಧಕರು 1960ರ ದಶಕದಿಂದಲೇ ಬೊಟ್ಟು ಮಾಡಿದ್ದು ಕಾಡು ಒಡೆದದ್ದರ ಕಡೆಗೆ. ಗದ್ದೆ, ತೋಟ, ಹೊಸ ಒಕ್ಕಲು ಕಾಡಿನೊಳಕ್ಕೆ ಹೋದಂತೆ ದನಗಳೂ ಹೋದವು. ದೊಡ್ಡ ಪ್ರಾಣಿಗಳ ರಕ್ತ ಬೇಕಾದ ಬಲಿತ ಉಣುಗುಗಳಿಗೆ ದನ ಒಳ್ಳೆಯ ಆಹಾರವಾಯಿತು. ಅವುಗಳ ಸಂಖ್ಯೆ ಬೆಳೆಯಿತು. ದಟ್ಟ ಕಾಡಿನ ಒಡಲಿಗಿಂತ ಕಾಡು ಮತ್ತು ತೋಟ ಕಲಸಿಕೊಂಡಿರುವ ಅಂಚುಗಳಲ್ಲೇ ಅಪಾಯ ಹೆಚ್ಚು ಎಂದು 2020ರಲ್ಲಿ ಪ್ರಕಟವಾದ ಅಧ್ಯಯನವೂ ಹೇಳಿದೆ. ಮಲೆನಾಡಿನ ಹಳ್ಳಿ ಅಂದರೆ ಬಹುಪಾಲು ಅಂಥ ಅಂಚೇ. 2018ರ ಕೊನೆಯಲ್ಲಿ ಸಾಗರ ತಾಲ್ಲೂಕಿನ ಅರಳಗೋಡಿನಲ್ಲಿ ಕಾಯಿಲೆ ಉಲ್ಬಣಿಸಿ ಸಾವುಗಳಾದವು. ಅಷ್ಟರೊಳಗೆ ಅದು ಬಂಡೀಪುರ, ನೀಲಗಿರಿ, ವಯನಾಡು, ಗೋವಾ, ಸಿಂಧುದುರ್ಗದವರೆಗೂ ತಲುಪಿತ್ತು.

ಒಂದು ವಿವರದ ಬಳಿ ಸ್ವಲ್ಪ ಹೊತ್ತು ನಿಲ್ಲಬೇಕೆನಿಸುತ್ತದೆ. ಮಂಗನ ಕಾಯಿಲೆಯ ವೈರಾಣು ಅತಿ ಅಪಾಯಕಾರಿ ವರ್ಗಕ್ಕೆ ಸೇರಿದ್ದು. ಪುಣೆಯಲ್ಲಿ ಅದರ ಮೇಲೆ ಕೆಲಸ ಮಾಡುವ ವಿಜ್ಞಾನಿಗಳು ಅತ್ಯುನ್ನತ ಸುರಕ್ಷತೆಯ ಪ್ರಯೋಗಾಲಯದಲ್ಲಿ, ಗಾಳಿ ತುಂಬಿದ ಕವಚ ತೊಟ್ಟು, ಒಂದರ ಹಿಂದೊಂದು ಬಾಗಿಲು ದಾಟಿ ಒಳಗೆ ಹೋಗಬೇಕು. ಅದೇ ವೈರಾಣು ಇರುವ ಸಾಗರದ ಕಾಡಂಚಿಗೆ ದರಗು ಗುಡಿಸಲು ಹೋಗುವಾಕೆಯ ಕಾಲಿನಲ್ಲಿ ಹವಾಯಿ ಚಪ್ಪಲಿ, ಕೈಕಾಲಿಗೆ ಉಣುಗು ಹತ್ತದಂತೆ ಇಲಾಖೆ ಕೊಟ್ಟ ಡೇಪಾ ಎಣ್ಣೆ ಹಚ್ಚಿದ್ದರೆ ಹಚ್ಚಿದ್ದು. ಈ ಎರಡು ದೃಶ್ಯಗಳನ್ನು ಪಕ್ಕಪಕ್ಕ ಇಟ್ಟರೆ ಸಾಕು, ಸಂಭಾಷಣೆಯ ಅಗತ್ಯವಿಲ್ಲ. ಯಾವ ಗ್ರಾಫಿಕ್ಸ್ ಕಂಪನಿಗೂ ಹಣ ಕೊಡಬೇಕಿಲ್ಲ.

ಹಣದ ನೆಪವನ್ನು ನಾವು ಬಹಳ ಕೇಳಿದ್ದೇವೆ: ಕನ್ನಡದ ಮಾರುಕಟ್ಟೆ ಚಿಕ್ಕದು, ವಿಜ್ಞಾನದ ಚಿತ್ರಕ್ಕೆ ಕೋಟಿಗಟ್ಟಲೆ ಬೇಕು. ಪ್ರೇಕ್ಷಕರ ದುಡ್ಡಿನಿಂದಲೇ ತಯಾರಾದ ‘ಲೂಸಿಯಾ’ (2013) ಕನಸಿನ ಕಥೆ ಹೇಳಿ ಗೆದ್ದಿತು. ಕಾಲಪ್ರಯಾಣದ ‘ಬ್ಲಿಂಕ್’ (2024) ದೊಡ್ಡ ತಾರೆಯರಿಲ್ಲದೆ ಬಂದು ಮಾತಿಗೆ ವಿಷಯವಾಯಿತು. ಕನಸು ಮತ್ತು ಕಾಲ ಎರಡೂ ಅಗ್ಗದ ಪ್ರಯೋಗಾಲಯಗಳು, ನಿಜ. ಆದರೆ ಜೀವವಿಜ್ಞಾನ ಅದಕ್ಕಿಂತ ಅಗ್ಗ, ಅದೂ ಮಲೆನಾಡಿನಲ್ಲಿ. ಕನ್ನಡ ಚಿತ್ರಗಳು ಮಲೆನಾಡಿಗೆ ಬರುವುದಿಲ್ಲವೆಂದಲ್ಲ. ಬರುತ್ತವೆ, ಮಳೆ ಚಿತ್ರೀಕರಿಸಿಕೊಂಡು, ಒಂಟಿ ಮನೆಯಲ್ಲಿ ಒಂದು ದೆವ್ವ ಕೂರಿಸಿ ಹೋಗುತ್ತವೆ. ಶಂಕರ್‌ನಾಗ್ ಆಗುಂಬೆಯನ್ನು ಮಾಲ್ಗುಡಿ ಮಾಡಿದ ಮೇಲೆ ಆ ಊರನ್ನು ಚಿತ್ರೀಕರಿಸಿದವರಲ್ಲಿ ಎಷ್ಟು ಮಂದಿ ಅಲ್ಲಿನ ಮಳೆಕಾಡು ಸಂಶೋಧನಾ ಕೇಂದ್ರದ ಕಡೆ ಹೊರಳಿ ನೋಡಿದ್ದಾರೆ?

ರೊಮುಲಸ್ ವಿಟೇಕರ್ 2005ರಲ್ಲಿ ಕಟ್ಟಿದ ಆ ಕೇಂದ್ರದಲ್ಲಿ ಕಾಳಿಂಗ ಸರ್ಪಗಳ ದೇಹದೊಳಗೆ ರೇಡಿಯೊ ಸಾಧನ ಇಟ್ಟು, ಅವುಗಳ ಹಿಂದೆ ಹಗಲೆಲ್ಲ ನಡೆದು, ಎಲ್ಲಿ ಮಲಗಿತು, ಏನು ತಿಂದಿತು ಎಂದು ಬರೆದಿಟ್ಟ ಸಂಶೋಧಕರಿದ್ದಾರೆ. ನಮ್ಮ ಸಿನಿಮಾದ ಹಾವು ಹಾಲು ಕುಡಿಯುತ್ತದೆ, ಸೇಡು ತೀರಿಸಿಕೊಳ್ಳುತ್ತದೆ, ಆಗಾಗ ಸೀರೆ ಉಡುತ್ತದೆ. ನಿಜವಾದ ಕಾಳಿಂಗ ಹಾವುಗಳನ್ನೇ ತಿನ್ನುತ್ತದೆ. ಹೆಣ್ಣು ತರಗೆಲೆ ಒಟ್ಟುಮಾಡಿ ಗೂಡು ಕಟ್ಟಿ ಮೊಟ್ಟೆ ಕಾಯುತ್ತದೆ, ಮರಿ ಹೊರಬರುವ ಸ್ವಲ್ಪ ಮೊದಲು ಬಿಟ್ಟು ಹೊರಡುತ್ತದೆ. 2024ರಲ್ಲಿ ಪಶ್ಚಿಮ ಘಟ್ಟದ ಕಾಳಿಂಗವೇ ಪ್ರತ್ಯೇಕ ಪ್ರಭೇದವೆಂದು ತೀರ್ಮಾನವಾಗಿ, ಅದರ ವೈಜ್ಞಾನಿಕ ಹೆಸರಿನಲ್ಲಿ ನಮ್ಮ ‘ಕಾಳಿಂಗ’ವೇ ಸೇರಿತು.

ಪ್ರೇಕ್ಷಕರು ಸಿದ್ಧರಿಲ್ಲ ಎನ್ನುವವರಿಗೆ ಹೆಗ್ಗೋಡನ್ನು ನೆನಪಿಸಬೇಕು. ಅರಳಗೋಡಿರುವ ಅದೇ ಸಾಗರ ತಾಲ್ಲೂಕಿನ ಈ ಹಳ್ಳಿಯಲ್ಲಿ ಕೆ.ವಿ. ಸುಬ್ಬಣ್ಣನವರ ನೀನಾಸಮ್ 1970ರ ದಶಕದಲ್ಲೇ ಚಿತ್ರಸಮಾಜ ಕಟ್ಟಿ, ಜಗತ್ತಿನ ದೊಡ್ಡ ನಿರ್ದೇಶಕರ ಚಿತ್ರಗಳನ್ನು ಅಡಿಕೆ ಬೆಳೆಗಾರರಿಗೂ ಕೂಲಿಕಾರರಿಗೂ ತೋರಿಸಿತು. ನೋಡಿದ ಮೇಲೆ ಕೂತು ಚರ್ಚಿಸುವುದನ್ನೂ ಕಲಿಸಿತು. ಓದುಗರ ಮಾತಾದರೆ, ಮೂಡಿಗೆರೆಯ ತೋಟದಲ್ಲಿ ಕೂತು ತೇಜಸ್ವಿಯವರು ಹಾರುವ ಓತಿಯನ್ನು ಹುಡುಕುವ ವಿಜ್ಞಾನಿಯೊಬ್ಬನ ಕಥೆ ಬರೆದು ನಾಲ್ಕು ದಶಕ ದಾಟಿದೆ. ಇಂದಿಗೂ ಅದು ಓದಿಸಿಕೊಳ್ಳುತ್ತಿದೆ. ಕೊರತೆ ಇರುವುದು ಪ್ರಯೋಗಾಲಯ ಮತ್ತು ಚಿತ್ರಕಥೆಯ ಮೇಜಿನ ನಡುವಿನ ದಾರಿಯಲ್ಲಿ. ಅಮೆರಿಕದ ರಾಷ್ಟ್ರೀಯ ವಿಜ್ಞಾನ ಅಕಾಡೆಮಿ 2008ರಿಂದ ಚಿತ್ರ ತಯಾರಕರನ್ನು ವಿಜ್ಞಾನಿಗಳೊಂದಿಗೆ ಕೂರಿಸಲೆಂದೇ ಒಂದು ವ್ಯವಸ್ಥೆ ನಡೆಸುತ್ತಿದೆ. ಬೆಂಗಳೂರಿನಲ್ಲಿ ಇಷ್ಟೊಂದು ಸಂಶೋಧನಾ ಸಂಸ್ಥೆಗಳಿದ್ದೂ, ಗಾಂಧಿನಗರದಿಂದ ಅಲ್ಲಿಗೆ ಆಟೊದಲ್ಲಿ ಹೋಗಬಹುದಾದರೂ, ಅಂಥದ್ದು ಇಲ್ಲಿ ಬೇರೂರಿಲ್ಲ.

ದಾರಿ ತೆರೆದರೆ ಅಪಾಯವೂ ಇದೆ ಎಂಬುದನ್ನು ಹೇಳದೆ ಬಿಡಲಾಗದು. 1975ರ ‘ಜಾಸ್’ ಚಿತ್ರ ಜನರಲ್ಲಿ ಶಾರ್ಕ್ ಬಗ್ಗೆ ಹುಟ್ಟಿಸಿದ ದ್ವೇಷವನ್ನು ಕಂಡು ಮೂಲ ಕಾದಂಬರಿ ಬರೆದ ಪೀಟರ್ ಬೆಂಚ್ಲಿಯೇ ಮುಂದೆ ಶಾರ್ಕ್ ಸಂರಕ್ಷಣೆಗೆ ನಿಂತರು. 1995ರ ‘ಔಟ್‌ಬ್ರೇಕ್’ ಚಿತ್ರ ಒಂದು ಪುಟ್ಟ ಮಂಗವನ್ನೇ ಸಾವಿನ ದೂತನನ್ನಾಗಿಸಿತು. ನಮ್ಮಲ್ಲಿ ಮಂಗನ ಕಾಯಿಲೆಯ ಮೇಲೆ ಅವಸರದ ಥ್ರಿಲ್ಲರ್ ಒಂದು ಬಂದರೆ ಮಂಗವೇ ಖಳನಾಯಕನಾಗುವುದು ಖಂಡಿತ. ಬಾಳೆ, ಅಡಿಕೆ, ಏಲಕ್ಕಿಯ ಲೂಟಿಯಿಂದ ರೋಸಿಹೋಗಿರುವ ಕೃಷಿಕರಿಗೆ ಅದು ಇನ್ನೊಂದು ಕಾರಣ ಕೊಡುತ್ತದೆ. ವಿಜ್ಞಾನ ಹೇಳುವುದು ತಿರುವುಮುರುವು: ಮಂಗ ಈ ರೋಗಕ್ಕೆ ಮನುಷ್ಯನಿಗಿಂತ ಮೊದಲು ಬಲಿಯಾಗುತ್ತದೆ, ಅದರ ಸಾವೇ ಹಳ್ಳಿಗೆ ಸಿಗುವ ಮೊದಲ ಎಚ್ಚರಿಕೆ. ಸತ್ತ ಮಂಗ ಕಂಡವರು ಸುಮ್ಮನೆ ಗುಂಡಿ ತೋಡಿ ಹೂಳದೆ ಆರೋಗ್ಯ ಕೇಂದ್ರಕ್ಕೆ ತಿಳಿಸಬೇಕು ಎಂಬ ಒಂದೇ ಮಾತನ್ನು ಚಿತ್ರವೊಂದು ಜನರ ತಲೆಯಲ್ಲಿ ಕೂರಿಸಿದರೂ ಇಲಾಖೆಯ ಎಷ್ಟೋ ಭಿತ್ತಿಪತ್ರಗಳಿಗಿಂತ ಹೆಚ್ಚಿನ ಕೆಲಸವಾದೀತು.

ಕಥೆಯನ್ನು ಮುಗಿಸುವುದು ಹೇಗೆ ಎಂಬುದು ಚಿತ್ರಕಥೆಗಾರನ ಮುಂದಿನ ತಲೆನೋವು. ‘ಕಂಟೇಜನ್’ನಲ್ಲಿ ಲಸಿಕೆ ಬರುತ್ತದೆ, ಜನ ಸಾಲುಗಟ್ಟುತ್ತಾರೆ. ಇಲ್ಲಿ ಲಸಿಕೆ 1990ರಿಂದಲೇ ಇತ್ತು. ಎರಡು ಡೋಸ್ ಪಡೆದವರಲ್ಲಿ ಅದರ ರಕ್ಷಣೆ ಸುಮಾರು ಶೇ 62, ಬೂಸ್ಟರ್ ಕೂಡ ಪಡೆದವರಲ್ಲಿ ಸುಮಾರು ಶೇ 83 ಎಂದು 2013ರಲ್ಲಿ ಪ್ರಕಟವಾದ ಅಧ್ಯಯನ ಲೆಕ್ಕ ಹಾಕಿತ್ತು. ರಕ್ಷಣೆ ಉಳಿಯಬೇಕಾದರೆ ಮತ್ತೆ ಮತ್ತೆ ಚುಚ್ಚಿಸಿಕೊಳ್ಳಬೇಕು. ನೋವಿಗೂ ಕೂಲಿ ತಪ್ಪುವುದಕ್ಕೂ ಹೆದರಿ ಅನೇಕರು ಅರ್ಧಕ್ಕೇ ಬಿಟ್ಟರು. ಈಚಿನ ವರ್ಷಗಳಲ್ಲಿ ಆ ಲಸಿಕೆಯನ್ನು ನಿಲ್ಲಿಸಲಾಗಿದೆ, ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ ಮುಂದಾಳತ್ವದಲ್ಲಿ ಹೊಸದೊಂದನ್ನು ಸಿದ್ಧಪಡಿಸುವ ಕೆಲಸ ನಡೆದಿದೆ. ಸೂಜಿ ಚುಚ್ಚಿದೊಡನೆ ಸಂಗೀತ ಏಳುವ ಅಂತ್ಯ ಇಲ್ಲಿ ಸುಳ್ಳಾಗುತ್ತದೆ.

ಹಾಗಾಗಿ ಇಂತಹ ಚಿತ್ರಕಥೆ ಯಾರಾದರೂ ಬರೆದರೆ ಅದರ ಎರಡು ಪ್ರತಿ ಮಾಡಿಸಲಿ. ಒಂದನ್ನು ವೈರಾಣು ತಜ್ಞರಿಗೆ ಕಳಿಸಲಿ. ಉಣುಗು ಹಾರುತ್ತದೆ, ರೋಗಿಯ ಕೈ ಹಿಡಿದರೆ ಸೋಂಕು ಬರುತ್ತದೆ ಎಂಬಂತಹ ತಪ್ಪುಗಳನ್ನು ಅವರು ತಿದ್ದುತ್ತಾರೆ. ಇನ್ನೊಂದನ್ನು ಸಾಗರವೋ ತೀರ್ಥಹಳ್ಳಿಯೋ ಸೊರಬವೋ, ಅಲ್ಲಿನ ಆಶಾ ಕಾರ್ಯಕರ್ತೆಯೊಬ್ಬರಿಗೆ ಕೊಟ್ಟು ಓದಿಸಲಿ. ಎಣ್ಣೆ ಬಾಟಲಿ ಮನೆಗೇ ತಲುಪಿಸಿದರೂ ಅದನ್ನು ಹಚ್ಚಿಕೊಳ್ಳದೆ ಕಾಡಿಗೆ ಹೋಗುವವರು ಯಾವ ಕಾರಣ ಹೇಳುತ್ತಾರೆ, ಜ್ವರ ಬಂದಾಗ ಎರಡು ದಿನ ಯಾಕೆ ಮುಚ್ಚಿಡುತ್ತಾರೆ, ಸತ್ತ ಮಂಗದ ಸುದ್ದಿಯನ್ನು ಮೊದಲು ಯಾರಿಗೆ ಹೇಳುತ್ತಾರೆ ಎಂಬುದೆಲ್ಲ ಆಕೆಗೆ ಗೊತ್ತಿರುತ್ತದೆ. ಸಂಭಾಷಣೆ ಬರೆಯುವವರು ಮೊದಲು ಆಕೆಯೊಂದಿಗೆ ಒಂದು ಡಿಸೆಂಬರ್ ತಿಂಗಳು ಮನೆಮನೆ ತಿರುಗಿ ಬರಲಿ.